ದಿನದಿನದ ಲೆಕ್ಕ

ಮಾಳಮಡ್ಡಿಯ ಈ ಕಚೇರಿಯಲ್ಲಿ ಹತ್ತೊಂಬತ್ತು ವರ್ಷದಿಂದ
ತಡವಾಗಿ ಬಂದವರ ಪರವಾಗಿ
ನಾನು ಕ್ಷಮೆ ಟೈಪು ಮಾಡುತ್ತೇನೆ.

ಇವತ್ತಿನವನು ಮೈಲಾರೆಪ್ಪ,
ಸವಣೂರಿನಾಚೆಯ ಒಂದೂರಿನ ನೀರಗಂಟಿ.
ಹತ್ತಕ್ಕೆ ಬಾ ಎಂದರೆ ಏಳಕ್ಕೇ ಬಂದು
ಮುಚ್ಚಿದ ಶಟರಿನ ಮುಂದೆ ಕೂತಿದ್ದ.
ಇಪ್ಪತ್ತೆರಡು ವರ್ಷ ನಸುಕಿನ ನಾಲ್ಕೂವರೆಗೆ
ವಾಲ್ವು ತಿರುವಿದ ಕೈ;
ಒಂದು ದಿನ ತಪ್ಪಿದರೆ ಊರ ಕೊಡಗಳೆಲ್ಲ
ಅವನ ಬಾಗಿಲಿಗೇ ಬರುತ್ತಿದ್ದವು.

ಈಗ ಅವನ ಫೈಲಿನ ಮೇಲೆ ಪೆನ್ಸಿಲ್ ಬರಹ:
ವಿಳಂಬ, ಮೂರು ವರ್ಷ, ಒಂದು ತಿಂಗಳು, ಹನ್ನೊಂದು ದಿನ.

"ರಿಟ್ಟಿಗೆ ಇಂತಿಷ್ಟ ದಿನಾ ಅಂತ ಎಲ್ಲೂ ಬರದಿಲ್ಲಪಾ,"
ಮುಲ್ಕಿಪಾಟೀಲ ವಕೀಲರು ಕನ್ನಡಕ ಒರೆಸುತ್ತಾರೆ,
"ಬರದಿದ್ರ ಛಲೋ ಇತ್ತು.
ಬರೀದ ಇದ್ದ ಗಡುವು ಭಾಳ ಬಿಗಿ.
ಮಲಗಿದವ್ರ ಸಲುವಾಗಿ ಕೋರ್ಟು ಎಚ್ಚರ ಇರೂದಿಲ್ಲ."

ಮಲಗಿದವರು ಎಂಬ ಮಾತಿಗೆ ಅವನು ತಲೆಯೆತ್ತಿದ.
"ನಾಲ್ಕೂವರಿಗೆ ಏಳಾಂವ್ರೀ ನಾ."

ಇರಲಿ, ಮೊದಲಿಂದ ಹೇಳು.
ಆದೇಶದ ತಾರೀಖು ನಾಲ್ಕು. ಕೈಸೇರಿದ್ದು
ಮರುತಿಂಗಳು ಇಪ್ಪತ್ತಕ್ಕೆ.
ನಡುವಿನ ದಿನಗಳು ಯಾವ ಟಪಾಲಿನಲ್ಲಿ ಮಲಗಿದ್ದವೋ,
ಅವುಗಳಿಗೆ ಅಫಿಡವಿಟ್ಟು ಬೇಕಿಲ್ಲ.
'ಸೇವೆಯಿಂದ ಬಿಡುಗಡೆಗೊಳಿಸಲಾಗಿದೆ' ಎಂದಿತ್ತು.
"ಬಿಡುಗಡಿ ಅಂದ್ರ ಒಳ್ಳೇದಂತ ತಿಳದೆ.
ಜೇಲಿನ್ಯಾಗ ಎಲ್ಲಿದ್ದೆನ್ರೀ ನಾ?"

ವಾಲ್ವಿನ ಕೀಲಿ ಯಾರೂ ಇಸಕೊಳ್ಳಲಿಲ್ಲ.
ಎಪ್ಪತ್ತು ದಿನ ಸಂಬಳವಿಲ್ಲದ ನೀರು ಬಿಟ್ಟ.
ಬಿಡದೆ? ಕೊಡಗಳಿಗೆ ಆದೇಶ ಓದಲು ಬರುತ್ತದೆಯೇ?

ಆಮೇಲೆ ಅರ್ಜಿ. ತಾಲ್ಲೂಕಿಗೆ, ಹಾವೇರಿಗೆ, ಮತ್ತೆ ತಾಲ್ಲೂಕಿಗೆ.
ಮೂವರು ಸಾಹೇಬರು ಬದಲಾದರು,
ಮೂವರೂ ಅಂದರು, ಹೊಸದಾಗಿ ಬರಕೊಡು.
ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಚೀಲದಿಂದ
ಒಂಬತ್ತು ಸ್ವೀಕೃತಿ ತೆಗೆದು ಮೇಜಿನ ಮೇಲೆ ಹರಡಿದ.
ನೀಲಿ ಠಸ್ಸೆಗಳು, ಕೆಲವು ಓರೆ, ಒಂದು ತಲೆಕೆಳಗು.
'ಪರಿಶೀಲನೆಯಲ್ಲಿದೆ.' 'ಪರಿಶೀಲನೆಯಲ್ಲಿದೆ.'
ಆಮೇಲೆ ಬರಿ ಸಹಿ.
"ಠಸ್ಸಿ ಬಿತ್ತಂದ್ರ ಕೇಳಿಸ್ಕೊಂಡ್ರು ಅಂತ ಅಲ್ಲೇನ್ರೀ?"
"ಅರ್ಜಿ ಕೊಟ್ರ ಗಡಿಯಾರ ನಿಲ್ಲೂದಿಲ್ಲೋ,"
ವಕೀಲರು ಮೆಲ್ಲಗೆ ಅಂದರು,
"ಬಾಗಲಾ ಅಂತ ನೀ ಬಡದದ್ದು ಗ್ವಾಡಿ."

ನಾನು ಇಂಗ್ಲಿಷಿಗೆ ಇಳಿಸುತ್ತ ಹೋದೆ.
ಎಪ್ಪತ್ತು ದಿನದ ನೀರು ಒಂದು ಸಾಲಾಯಿತು.
ಹೆಂಡತಿ ಗುತ್ತೆವ್ವನ ಆಪರೇಷನ್ನು,
ಹುಬ್ಬಳ್ಳಿ ಕಿಮ್ಸಿನ ವರಾಂಡದ ಹನ್ನೆರಡು ರಾತ್ರಿ
ಒಂದು ದಾಖಲೆಯ ಸಂಖ್ಯೆಯಾಯಿತು.
ಟೈಪು ಮಾಡಲಾಗದ್ದು ಬಹಳ ಉಳಿಯುತ್ತದೆ:
ಸುಮ್ಮನೆ ಕೂತ ದಿನಗಳು,
ಯಾರಿಗೂ ಹೇಳಲಾರದ ನಾಚಿಕೆಯ ದಿನಗಳು,
ಹೊಸ ನೀರಗಂಟಿ ತನ್ನ ಓಣಿಗೇ ಮೊದಲು ನೀರು ಬಿಟ್ಟಾಗ
ತಾನೂ ಕೊಡ ಹಿಡಿದು ಸರತಿಯಲ್ಲಿ ನಿಂತ ಆ ಒಂದು ದಿನ.
ಕಾನೂನು ಕೇಳುವುದು 'ಸಾಕಷ್ಟು ಕಾರಣ'.
ಎಷ್ಟಾದರೆ ಸಾಕಷ್ಟು, ಯಾರ ಸೇರಿನಿಂದ ಅಳೆಯಬೇಕು,
ಹತ್ತೊಂಬತ್ತು ವರ್ಷವಾದರೂ ನನಗೆ ತಿಳಿದಿಲ್ಲ.

ಹಿತ್ತಲಿನ ನಲ್ಲಿ ತೊಟ್ಟಿಕ್ಕುವುದು
ನಮಗೆ ಕೇಳಿಸುವುದನ್ನೇ ಬಿಟ್ಟಿತ್ತು.
ಅವನು ಎದ್ದು ಹೋದ. "ದಾರ ಐತೇನ್ರಿ ಬಾಯಾರ?"
ಫೈಲು ಕಟ್ಟುವ ಬಿಳಿ ದಾರ ಕೊಟ್ಟೆ.
ಬಿಚ್ಚಿ, ಸುತ್ತಿ, ಬಿಗಿದು, ಅಂಗೈ ಅಂಗಿಗೆ ಒರೆಸಿಕೊಂಡ.
ಈ ಊರಿಗೆ ಎಂಟು ದಿನಕ್ಕೊಮ್ಮೆ ನೀರಪ್ಪ, ಅಂದಾಗ
ನಕ್ಕ, ಮೊದಲ ಸಲ:
"ಆ ತಡಾ ಯಾರ ಬರಕೊಡ್ತಾರ್ರೀ?"

ಮುಂದಿನ ಸೋಮವಾರ, ಹೆದ್ದಾರಿ ಬದಿಯ ಹೈಕೋರ್ಟು.
ಸರ್ಕಾರಿ ವಕೀಲರು ಆಕ್ಷೇಪಣೆಗೆ ನಾಲ್ಕು ವಾರ ಕೇಳಿದರು.
ಕೊಟ್ಟರು. ಆಮೇಲೆ ಇನ್ನೂ ನಾಲ್ಕು.
ತಾರೀಖು ತಿಳಿಸಲು ಫೋನು ಮಾಡಿದರೆ
ಅವನು ಕೇಳಿದ್ದು ಬೇರೆ:
"ನಲ್ಲಿ ಹೆಂಗೈತ್ರಿ?"

ಫೋನು ಕಿವಿಯಿಂದ ತೆಗೆದು ಆಲಿಸಿದೆ,
ಹೊರಗೆ ಚಿಗರಿ ಬಸ್ಸು ಹಾದುಹೋಗುವ ತನಕ ಕಾದು
ಮತ್ತೊಮ್ಮೆ ಆಲಿಸಿದೆ.
ಇಲ್ಲಪ್ಪ, ತೊಟ್ಟಿಕ್ಕುತ್ತಿಲ್ಲ, ಅಂದೆ.